ಜೂನ್, ಜುಲೈ ಮತ್ತು ಅಕ್ಟೋಬರ್

2008ರಲ್ಲಿ ಕೇರಳ ಸರ್ಕಾರ ‘ಮಿಸ್ ಕೇರಳ’ ಎಂಬ ಒಂದು ಸಣ್ಣ ಮೀನಿನ ಬಗ್ಗೆ ಆದೇಶ ಹೊರಡಿಸಿತು. ಹೆಚ್ಚೆಂದರೆ ಒಂದು ಗೇಣು ಬರುವ ಮೀನು. ತಿನ್ನುವವರಿಗಿಂತ ಗಾಜಿನ ತೊಟ್ಟಿಯಲ್ಲಿಟ್ಟು ನೋಡುವವರೇ ಜಾಸ್ತಿ. ಅದನ್ನು ಹೊಳೆಯಿಂದ ಬಾಚಿ ವಿದೇಶಕ್ಕೆ ಕಳಿಸುವ ವ್ಯಾಪಾರಕ್ಕೆ ಒಂದಿಷ್ಟು ಕಡಿವಾಣ ಹಾಕುವುದು ಆದೇಶದ ಉದ್ದೇಶ. ಎಷ್ಟು ಹಿಡಿಯಬಹುದು, ಯಾವ ಬಲೆ ಬಳಸಬಹುದು ಎಂಬುದಕ್ಕೆಲ್ಲ ಮಿತಿ ಬಂತು. ಜೂನ್, ಜುಲೈ ಮತ್ತು ಅಕ್ಟೋಬರ್ ತಿಂಗಳಲ್ಲಿ ಹಿಡಿಯುವುದೇ ಬೇಡ ಎಂದಾಯಿತು. ಮರಿಯಾಗುವ ಕಾಲದಲ್ಲಾದರೂ ಮೀನು ನೆಮ್ಮದಿಯಾಗಿರಲಿ ಎಂಬ ಲೆಕ್ಕಾಚಾರ.

ಮೂರು ವರ್ಷ ಕಳೆದು, 2011ರಲ್ಲಿ, ಇದೇ ಮೀನಿನ ಸಂತಾನಕ್ರಮದ ಬಗ್ಗೆ ಒಂದು ಅಧ್ಯಯನ ಪ್ರಕಟವಾಯಿತು. ಮೀನು ಮೊಟ್ಟೆಯಿಡುವುದು ಮುಖ್ಯವಾಗಿ ಅಕ್ಟೋಬರಿನಿಂದ ಮಾರ್ಚ್‌ವರೆಗೆ ಎಂದು ಅದರಲ್ಲಿ ಗೊತ್ತಾಯಿತು. ಅಂದರೆ ಸರ್ಕಾರ ಕೊಟ್ಟ ಮೂರು ತಿಂಗಳ ರಜೆಯಲ್ಲಿ ಎರಡು ತಿಂಗಳು ಮೀನಿಗೆ ಬೇಕಿರಲಿಲ್ಲ. ಬೇಕಿದ್ದ ಆರು ತಿಂಗಳಲ್ಲಿ ಸಿಕ್ಕಿದ್ದು ಒಂದೇ. ನಿಷೇಧದ ತಿಂಗಳುಗಳನ್ನು ಬದಲಿಸಿ ಎಂದು ಸಂಶೋಧಕರು ಅಲ್ಲೇ ಬರೆದರು.

ಆ ಅಧ್ಯಯನಕ್ಕೆ ಆರಿಸಿಕೊಂಡದ್ದು ಮೂರು ಹೊಳೆ: ಚಾಲಿಯಾರ್, ವಳಪಟ್ಟಣಂ, ಚಂದ್ರಗಿರಿ. ಮೂರನೆಯದು ನಮ್ಮ ಹೊಳೆ. ನಮ್ಮ ತೋಟ ಇರುವುದು ಅದರ ಪಯಸ್ವಿನಿ ಎಂಬ ಕವಲಿನ ದಡದಲ್ಲಿ, ಕಾಸರಗೋಡು ಜಿಲ್ಲೆಯ ಗಡಿ ಮೂಲೆಯಲ್ಲಿ. ಹೀಗಾಗಿ ಇದನ್ನು ನಾನು ದೂರದ ಸುದ್ದಿಯೆಂದು ಓದಿ ಬಿಡಲಾಗಲಿಲ್ಲ.

ಹೊಳೆಯ ಬಗ್ಗೆ ಸ್ವಲ್ಪ ಹೇಳಿಬಿಡುತ್ತೇನೆ. ಪಯಸ್ವಿನಿ ಹುಟ್ಟುವುದು ಕೊಡಗಿನ ಬೆಟ್ಟದಲ್ಲಿ. ಜೋಡುಪಾಲ, ಸಂಪಾಜೆ ಕಡೆಯಿಂದ ಇಳಿದು, ಅರಂತೋಡು ದಾಟಿ, ಸುಳ್ಯ ಪೇಟೆಗೆ ಕುಡಿಯುವ ನೀರು ಕೊಟ್ಟು, ಜಾಲ್ಸೂರಿನ ಆಚೆ ಕೇರಳಕ್ಕೆ ಬರುತ್ತದೆ. ಮುಂದೆ ಇನ್ನೊಂದು ಕವಲಿನ ಜೊತೆ ಸೇರಿ ಚಂದ್ರಗಿರಿಯಾಗಿ, ಕೋಟೆಯ ಬುಡದಲ್ಲಿ ಹಾದು, ಕಾಸರಗೋಡಿನ ಹತ್ತಿರ ಕಡಲು ಸೇರುತ್ತದೆ. ಮಹಾಜನ ಆಯೋಗ 1967ರಲ್ಲಿ ಕರ್ನಾಟಕಕ್ಕೆ ಸೇರಬೇಕೆಂದು ಹೇಳಿದ್ದು ಇದೇ ಹೊಳೆಯ ಬಡಗು ದಡದ ಊರುಗಳನ್ನು. ವರದಿ ಜಾರಿಯಾಗಲಿಲ್ಲ. ಆಗಿದ್ದರೆ, ‘ಮಿಸ್ ಕೇರಳ’ ಎಂದು ಜಗತ್ತೆಲ್ಲ ಕರೆಯುವ ಮೀನು ಅರ್ಧ ಹೊಳೆಯಲ್ಲಿ ಕನ್ನಡತಿ, ಇನ್ನರ್ಧದಲ್ಲಿ ಮಲಯಾಳಿ ಆಗುತ್ತಿತ್ತು. ಇತ್ತೀಚಿನವರೆಗೂ ಸಂಗತಿ ಬಹಳ ಬೇರೆಯಿರಲಿಲ್ಲ. ಆ ವಿಷಯಕ್ಕೆ ಆಮೇಲೆ ಬರುತ್ತೇನೆ.

ಮಿಸ್ ಕೇರಳ ವ್ಯಾಪಾರದ ಹೆಸರು. ಮಲಯಾಳದಲ್ಲಿ ಚೆಂಗಣಿಯಾನ್ ಅನ್ನುತ್ತಾರೆ. ಪುಸ್ತಕದ ಹೆಸರು ಸಹ್ಯಾದ್ರಿಯಾ ಡೆನಿಸೋನಿ. ಮದ್ರಾಸ್ ಸೈನ್ಯದ ವೈದ್ಯನಾಗಿದ್ದು ಮೀನಿನ ಹುಚ್ಚು ಹತ್ತಿಸಿಕೊಂಡ ಫ್ರಾನ್ಸಿಸ್ ಡೇ 1865ರಲ್ಲಿ ತಿರುವಾಂಕೂರಿನ ಮುಂಡಕ್ಕಯಂನಿಂದ ಸಿಕ್ಕಿದ ಮೀನನ್ನು ನೋಡಿ ವಿವರ ಬರೆದ. ಆಗ ಮದ್ರಾಸಿನ ಗವರ್ನರ್ ಆಗಿದ್ದವರು ಸರ್ ವಿಲಿಯಂ ಡೆನಿಸನ್. ಮೀನಿಗೆ ಅವರ ಹೆಸರು ಸಂದಿತು. ಸಹ್ಯಾದ್ರಿಯಾ ಎಂಬ ಕುಲದ ಹೆಸರು ಬಂದದ್ದು 2013ರಲ್ಲಿ. ಅದಕ್ಕೂ ಮೊದಲು ಲೇಬಿಯೋ, ಬಾರ್ಬಸ್, ಪುಂಟಿಯಸ್ ಎಂದು ಮನೆ ಬದಲಿಸುತ್ತ ಬಂದಿತ್ತು. ಈ ಕುಲದಲ್ಲಿ ಇರುವುದು ಎರಡೇ ಜಾತಿ: ಇದು, ಮತ್ತು 1999ರಲ್ಲಿ ಚಾಲಕ್ಕುಡಿ ಹೊಳೆಯಿಂದ ವಿವರಿಸಿದ ಇದರ ತಂಗಿ. ಬೆನ್ನ ಮೇಲಿನ ರೆಕ್ಕೆಯಲ್ಲಿ ಕಪ್ಪು ಮಚ್ಚೆ ಇದ್ದರೆ ಅದು ಚಾಲಕ್ಕುಡಿಯದು.

ನಮ್ಮಲ್ಲಿನದನ್ನು ನೋಡಬೇಕೆಂದರೆ ಡಿಸೆಂಬರ್ ಒಳ್ಳೆಯದು. ಮಳೆಗಾಲದ ಕೆಂಪು ನೀರು ಪೂರ್ತಿ ತಿಳಿಯಾಗಿ, ಹೊಳೆ ಇನ್ನೂ ಓಡುತ್ತಿರುವ ಕಾಲ. ಬಂಡೆಗಳ ನಡುವೆ ನೀರು ರಭಸವಾಗಿ ಇಳಿದು ಒಂದು ಗುಂಡಿಗೆ ಬೀಳುವ ಜಾಗ ಇರುತ್ತದಲ್ಲ, ದಡದ ಮರ ಗುಂಡಿಯ ಮೇಲೆ ಬಾಗಿರಬೇಕು, ಬೇರು ನೀರಿಗೆ ಇಳಿದಿರಬೇಕು, ಅಂಥಲ್ಲಿ. (ನಮ್ಮ ಗುಂಡಿ ಯಾವುದೆಂದು ಬರೆಯುವುದಿಲ್ಲ. ಕಾರಣ ಮುಂದೆ ಓದಿದರೆ ತಿಳಿಯುತ್ತದೆ.) ಈಜುವ ಮಕ್ಕಳ ಕಣ್ಣಿನ ಕನ್ನಡಕ ಹಾಕಿಕೊಂಡು ಮುಖ ಮಾತ್ರ ನೀರಿಗೆ ಅದ್ದಿ ಮಲಗಿದರೆ ಸಾಕು. ಮೊದಲು ಕಾಣುವುದು ಕಲ್ಲಿಗೆ ಅಂಟಿಕೊಂಡ ಕಲ್ಲುಕೊರವ ಎಂಬ ಮೀನು. ಕಣ್ಣು ಪಳಗಿದ ಮೇಲೆ ಗುಂಡಿಯ ಮೇಲ್ತುದಿಯಲ್ಲಿ, ನೊರೆ ಮುಗಿದು ನೀರು ಗಾಜಾಗುವ ಗೆರೆಯಲ್ಲಿ, ಇವು ಕಾಣುತ್ತವೆ. ಎಲ್ಲವೂ ಸೆಳವಿಗೆ ಮುಖ ಮಾಡಿ, ಒಂದೇ ಕಡೆ ತಿರುಗಿ ನಿಂತಿರುತ್ತವೆ. ನಿಂತಿರುವುದೆಂದರೆ ಸುಮ್ಮನೆ ನಿಲ್ಲುವುದಲ್ಲ, ಸೆಳವು ದೂಡಿದಷ್ಟೇ ಮುಂದಕ್ಕೆ ಈಜುತ್ತ ಇದ್ದಲ್ಲೇ ಇರುವುದು.

ದೇಹ ನೂಲುವ ಕದಿರಿನ ಹಾಗೆ, ಎರಡೂ ತುದಿಗೆ ಸಪೂರ. ಮೂತಿಯಿಂದ ಹೊರಟ ಒಂದು ಕಪ್ಪು ಗೆರೆ ಕಣ್ಣನ್ನು ಸೀಳಿಕೊಂಡು ಬಾಲದ ಬುಡದವರೆಗೆ ಹೋಗುತ್ತದೆ. ಅದರ ಮೇಲೆ ಕೆಂಪು ಗೆರೆ. ಕೆಂಪು ಬಾಲದವರೆಗೆ ಹೋಗುವುದಿಲ್ಲ, ಬೆನ್ನಿನ ರೆಕ್ಕೆಯ ನೇರಕ್ಕೆ ಬಂದು ಮಾಸಿಹೋಗುತ್ತದೆ. ಬೆನ್ನಿನ ರೆಕ್ಕೆಯ ಮುಂಚೂಣಿಯಲ್ಲೂ ಅದೇ ಕೆಂಪು. ಬಾಲದ ಎರಡು ಕವಲಿಗೂ ತುದಿಯಲ್ಲಿ ಓರೆಯಾಗಿ ಕಪ್ಪು, ಹಳದಿ ಪಟ್ಟಿ. ವಯಸ್ಸಾದ ಮೀನಿನ ನೆತ್ತಿಯ ಮೇಲೆ ಹಸಿರು ಮಿಶ್ರಿತ ನೀಲಿ ಹೊಳಪು ಬರುತ್ತದೆ, ಬಿಸಿಲು ಸರಿಯಾದ ಕೋನದಲ್ಲಿ ಬಿದ್ದರೆ ಮಾತ್ರ ಕಾಣುತ್ತದೆ. ಆಗಾಗ ಒಂದು ಮೀನು ಸಾಲು ಬಿಟ್ಟು ಕೆಳಗೆ ಹೋಗಿ ಬಂಡೆಯ ಪಾಚಿಯನ್ನು ಕಚ್ಚಿ ಎಳೆದು, ಬೆಳ್ಳಗೆ ಮಿಂಚಿ, ಮತ್ತೆ ಬಂದು ಸಾಲಿಗೆ ಸೇರಿಕೊಳ್ಳುತ್ತದೆ. ನೆರಳು ಅಲುಗಿದರೆ ಸಾಲು ಮುರಿಯದೆ ಇಡೀ ಗುಂಪು ಬೇರಿನಡಿಗೆ ಜಾರುತ್ತದೆ.

ಇಷ್ಟು ಚಂದ ಇದ್ದದ್ದೇ ಅದಕ್ಕೆ ಮುಳುವಾಯಿತು. 1997ರಲ್ಲಿ ಸಿಂಗಾಪುರದ ಅಕ್ವಾರಾಮ ಎಂಬ ಅಲಂಕಾರ ಮೀನಿನ ಮೇಳದಲ್ಲಿ ಹೊಸ ಮೀನುಗಳ ವಿಭಾಗದಲ್ಲಿ ಇದಕ್ಕೆ ಮೂರನೆಯ ಬಹುಮಾನ ಬಂತು. ನೂರಮೂವತ್ತು ವರ್ಷ ಹಳೆಯ ಹೆಸರಿದ್ದ ಮೀನು ಹೊಸ ಮೀನಾಯಿತು! ಅಲ್ಲಿಂದ ಬೇಡಿಕೆ ಏರಿದ್ದೇ ಏರಿದ್ದು. ಒಂದು ಹಂತದಲ್ಲಿ ಭಾರತದಿಂದ ಹೊರಗೆ ಹೋಗುವ ಜೀವಂತ ಅಲಂಕಾರ ಮೀನಿನ ವಹಿವಾಟಿನಲ್ಲಿ ಅರ್ಧಕ್ಕಿಂತ ಹೆಚ್ಚು ಪಾಲು ಈ ಒಂದೇ ಮೀನಿನದ್ದು. 2005ರಿಂದ 2012ರ ನಡುವೆ ಅಪಾಯದ ಪಟ್ಟಿಯಲ್ಲಿರುವ ಮೂವತ್ತು ಜಾತಿಯ ಸುಮಾರು 15 ಲಕ್ಷ ಸಿಹಿನೀರಿನ ಮೀನು ನಮ್ಮ ದೇಶದಿಂದ ರಫ್ತಾಗಿವೆ ಎಂದು ಸುಂಕದ ದಾಖಲೆ ನೋಡಿ ಸಂಶೋಧಕರು ಲೆಕ್ಕ ಹಾಕಿದರು. ಬೆಲೆ ಸುಮಾರು 16 ಲಕ್ಷ ಡಾಲರ್. ತಲೆಗೆ ಒಂದು ಡಾಲರ್‌ಗಿಂತ ಸ್ವಲ್ಪ ಹೆಚ್ಚು. ಅದರಲ್ಲಿ ಹೊಳೆಗೆ ಇಳಿದು ಹಿಡಿದವನ ಕೈಗೆ ಸೇರಿದ್ದೆಷ್ಟು ಎಂದು ಊಹಿಸಲು ಅಡಕೆ ಬೆಳೆಗಾರನಿಗೆ ಯಾರೂ ಹೇಳಿಕೊಡಬೇಕಾಗಿಲ್ಲ.

ಬೆಂಗಳೂರಿನ ಒಂದು ಅಂಗಡಿಯಲ್ಲಿ ಇವನ್ನು ನೋಡಿದ್ದೇನೆ. ಪ್ಲಾಸ್ಟಿಕ್ ಚೀಲದಲ್ಲಿ ಕಾಲು ಭಾಗ ನೀರು, ಉಳಿದದ್ದು ಆಕ್ಸಿಜನ್, ಬಾಯಿಗೆ ರಬ್ಬರ್ ಬ್ಯಾಂಡು. ಚೀಲಗಳನ್ನು ಥರ್ಮೋಕೋಲ್ ಪೆಟ್ಟಿಗೆಯಲ್ಲಿ ಸಾಲಾಗಿ ಜೋಡಿಸಿದ್ದರು. ತೊಟ್ಟಿಗೆ ಬಿಟ್ಟ ಮೇಲೆ ಅವು ಪಂಪಿನಿಂದ ನೀರು ಬೀಳುವ ಮೂಲೆಗೆ ಹೋಗಿ ಅದೇ ಸಾಲು ಕಟ್ಟಿ ನಿಂತವು. ಅಂಗಡಿಯವನಿಗೆ ಅದೊಂದು ತಲೆನೋವು. “ಎಲ್ಲ ಒಂದೇ ಕಡೆ ನಿಂತುಬಿಡ್ತವೆ ಸಾರ್, ಗಿರಾಕಿಗೆ ಚೆನ್ನಾಗಿ ಕಾಣಲ್ಲ” ಎಂದ.

ಈಗ ಆ ಅಧ್ಯಯನಕ್ಕೆ ಬರುತ್ತೇನೆ. ಗಂಡು ಮೀನು ಸುಮಾರು 85 ಮಿಲಿಮೀಟರ್, ಹೆಣ್ಣು ಸುಮಾರು 96 ಮಿಲಿಮೀಟರ್ ಉದ್ದವಾದಾಗ ಮೊದಲ ಸಲ ಬಲಿಯುತ್ತದೆ. ವರ್ಷಕ್ಕೆ ಒಂದೇ ಸಂತಾನಚಕ್ರ. ಮೂರೂ ಹೊಳೆಗಳಲ್ಲಿ ಗಂಡುಗಳೇ ಹೆಚ್ಚು, ಹೆಣ್ಣುಗಳು ಕಡಿಮೆ. ಒಂದು ಹೆಣ್ಣಿನ ಹೊಟ್ಟೆಯಲ್ಲಿ ಸಿಕ್ಕಿದ ಮೊಟ್ಟೆ ಕಡಿಮೆಯೆಂದರೆ 376, ಹೆಚ್ಚೆಂದರೆ 1,098. ಕೆರೆಗೆ ಬಿಡುವ ಸಾಮಾನ್ಯ ಗೆಂಡೆ ಒಂದು ಕಿಲೋ ತೂಗಿದರೆ ಲಕ್ಷಕ್ಕೂ ಮೀರಿ ಮೊಟ್ಟೆಯಿಡುತ್ತದೆ. ಅಷ್ಟಿರುವಾಗ ಯಾವ ಬರಗಾಲವೂ ಗೆಂಡೆಯನ್ನು ಪೂರ್ತಿ ಒರೆಸಲಾರದು. ಇದರ ಕತೆ ಹಾಗಲ್ಲ. ಹೆಣ್ಣು ಕಡಿಮೆ, ಮೊಟ್ಟೆ ಕಡಿಮೆ, ವರ್ಷಕ್ಕೊಂದೇ ಅವಕಾಶ. ಒಂದು ಗುಂಡಿಯಲ್ಲಿ ಒಂದು ಬೇಸಗೆ ಕೆಟ್ಟರೆ ಆ ಗುಂಡಿಯ ಮಟ್ಟಿಗೆ ಒಂದು ತಲೆಮಾರು ಹೋಯಿತು.

ಜೂನ್, ಜುಲೈ ಎಂದು ಬರೆದವರನ್ನು ದೂರುವ ಮನಸ್ಸು ನನಗಿಲ್ಲ. ನಮ್ಮ ಕಡೆ ಯಾರನ್ನು ಕೇಳಿದರೂ ಅದನ್ನೇ ಹೇಳುತ್ತಿದ್ದರು. ಮೊದಲ ದೊಡ್ಡ ಮಳೆಗೆ ಮೀನು ಹೊಳೆ ಬಿಟ್ಟು ತೋಡಿಗೆ, ತೋಡು ಬಿಟ್ಟು ಗದ್ದೆಗೆ ಏರುತ್ತದೆ. ಅದಕ್ಕೆ ಉಬರ್ ಮೀನು ಎನ್ನುತ್ತಾರೆ. ರಾತ್ರಿ ಟಾರ್ಚು ಹಿಡಿದು, ಮಳೆಗೆ ಎಲೆಯ ಗೊರಬೆ ಹಾಕಿಕೊಂಡು, ಕತ್ತಿ ಬೀಸಿ ಹಿಡಿದವರ ಕತೆ ಪ್ರತಿ ಮನೆಯಲ್ಲೂ ಇದೆ. ಹೊಟ್ಟೆ ತುಂಬ ಮೊಟ್ಟೆ ಇರುವ ಮೀನೇ ಉಬರಿಗೆ ಸಿಗುವುದು. ಕಡಲಿನಲ್ಲೂ ಜೂನ್, ಜುಲೈ ಬಂತೆಂದರೆ ಯಾಂತ್ರಿಕ ದೋಣಿಗಳು ದಕ್ಕೆಯಲ್ಲಿ ನಿಲ್ಲುತ್ತವೆ. ಮಳೆಗಾಲವೆಂದರೆ ಮೀನಿನ ಬಸಿರುಗಾಲ ಎಂಬುದು ಕರಾವಳಿಯವರಿಗೆ ಹುಟ್ಟಿನಿಂದ ಬಂದ ತಿಳಿವಳಿಕೆ. ಹೆಚ್ಚಿನ ಮೀನಿಗೆ ಅದು ಸರಿಯೂ ಹೌದು.

ಆದರೆ ಗುಂಡಿಯ ಮೇಲ್ತುದಿಯಲ್ಲಿ ನಿಲ್ಲುವ ಈ ಮೀನಿನ ಬದುಕನ್ನು ಯೋಚಿಸಿ ನೋಡಿ. ಜುಲೈಯಲ್ಲಿ ಪಯಸ್ವಿನಿಯ ಬಂಡೆಗಳ ಮೇಲೆ ಆಳೆತ್ತರದ ಕೆಂಪು ನೀರು. ಮರದ ದಿಮ್ಮಿಗಳೇ ನಿಲ್ಲದ ಕಡೆ ಒಂದು ಸೂಜಿತಲೆಯಷ್ಟು ಮರಿ ಎಲ್ಲಿ ನಿಂತೀತು? ನೆರೆ ಇಳಿದು, ನೀರು ತಿಳಿಯಾಗಿ, ಕಲ್ಲಿನ ಮೇಲೆ ಪಾಚಿ ಹಿಡಿದು, ಸೆಳವು ಮಾತ್ರ ಉಳಿದಿರುವ ತಿಂಗಳುಗಳೇ ಅದಕ್ಕೆ ಅನುಕೂಲ. ಇದು ನಾನು ದಡದಲ್ಲಿ ಕೂತು ಮಾಡಿಕೊಂಡ ತರ್ಕ, ಅಧ್ಯಯನದ ಮಾತಲ್ಲ. ತಿಂಗಳುಗಳು ಮಾತ್ರ ಅಧ್ಯಯನದವು.

ಆ ತಿಂಗಳುಗಳನ್ನು ಇನ್ನೊಂದು ಸಲ ಓದಿ. ಅಕ್ಟೋಬರ್, ನವೆಂಬರ್, ಡಿಸೆಂಬರ್, ಜನವರಿ, ಫೆಬ್ರವರಿ, ಮಾರ್ಚ್. ಅಡಕೆ ತೋಟ ಇರುವ ಯಾರಿಗಾದರೂ ಈ ಪಟ್ಟಿ ಮೀನಿಗಿಂತ ಮೊದಲು ಬೇರೇನನ್ನೋ ನೆನಪಿಸುತ್ತದೆ. ಇದು ಪಂಪು ಓಡುವ ಕಾಲ.

ಕೇಂದ್ರೀಯ ತೋಟದ ಬೆಳೆಗಳ ಸಂಶೋಧನಾ ಸಂಸ್ಥೆ, ಜನರ ಬಾಯಲ್ಲಿ ಸಿಪಿಸಿಆರ್‌ಐ, ಇರುವುದು ನಮ್ಮ ಕಾಸರಗೋಡಿನಲ್ಲೇ. ಅವರ ಶಿಫಾರಸು ಪ್ರಕಾರ ಅಡಕೆ ಮರಕ್ಕೆ ಒಂದು ಸಲಕ್ಕೆ 175 ಲೀಟರ್ ನೀರು: ನವೆಂಬರ್, ಡಿಸೆಂಬರಿನಲ್ಲಿ ಏಳೆಂಟು ದಿನಕ್ಕೊಮ್ಮೆ, ಜನವರಿ, ಫೆಬ್ರವರಿಯಲ್ಲಿ ಆರು ದಿನಕ್ಕೊಮ್ಮೆ, ಮಾರ್ಚಿನಿಂದ ಮೇವರೆಗೆ ಮೂರರಿಂದ ಐದು ದಿನಕ್ಕೊಮ್ಮೆ. ಒಂಬತ್ತು ಅಡಿ ಅಂತರದಲ್ಲಿ ಎಕರೆಗೆ 550 ಮರ ಹಿಡಿಯಿರಿ. ಒಂದು ಎಕರೆಗೆ ಒಂದು ಸುತ್ತು ನೀರು ಬಿಡಲು ತೊಂಬತ್ತಾರು ಸಾವಿರ ಲೀಟರ್ ಬೇಕು. ಲಕ್ಷ ಲೀಟರ್ ಅನ್ನಿ. ಮಾರ್ಚಿನಲ್ಲಿ ವಾರಕ್ಕೆ ಎರಡು ಸಲ. ಇದು ಒಂದು ಎಕರೆಯ ಲೆಕ್ಕ. ಸಂಪಾಜೆಯಿಂದ ಕೆಳಗೆ ಹೊಳೆಯ ಎರಡೂ ಬದಿಗೆ ಎಷ್ಟು ಎಕರೆ ಅಡಕೆ ಇದೆ ಎಂದು ನೋಡಲು ಗೂಗಲ್ ಮ್ಯಾಪ್ ತೆರೆಯಬೇಕಾಗಿಲ್ಲ, ಸುಳ್ಯದ ಬಸ್ಸಿನಲ್ಲಿ ಕಿಟಕಿಯ ಪಕ್ಕ ಕೂತರೆ ಸಾಕು. ಗಡಿಯ ಆಚೆ ಕರ್ನಾಟಕದಲ್ಲಿ ಹತ್ತು ಎಚ್‌ಪಿವರೆಗಿನ ಕೃಷಿ ಪಂಪಿಗೆ ಕರೆಂಟು ಉಚಿತ. ಬಿಲ್ಲು ಇಲ್ಲದ ಪಂಪು ಎಷ್ಟು ಹೊತ್ತಿಗೆ ನಿಲ್ಲುತ್ತದೆ? ಕರೆಂಟು ಹೋದಾಗ.

ನೀರು ಎತ್ತಬೇಡಿ ಎಂದು ಹೇಳಲು ನಾನು ಹೊರಟಿಲ್ಲ. ನಾನೂ ಎತ್ತುತ್ತೇನೆ, ಅದರಿಂದಲೇ ಊಟ. ಆದರೆ ಮೀನನ್ನು ಹಿಡಿಯುವವನ ಮೇಲೆ ಮಾತ್ರ ಆದೇಶ ಬರೆದು, ಮೀನು ನಿಂತ ನೀರನ್ನು ಎತ್ತುವವರ ಬಗ್ಗೆ ಒಂದು ಸಾಲೂ ಬರೆಯದಿದ್ದರೆ ಆ ಆದೇಶ ಯಾರನ್ನು ಕಾಪಾಡುತ್ತದೆ? ಬಲೆ ಹಾಕುವವನು ಬಡವ, ಹೊರಗಿನವ, ಸುಲಭವಾಗಿ ಕಣ್ಣಿಗೆ ಬೀಳುವವನು. ಪಂಪು ನೀರೆಳೆಯುವ ಪೈಪಿನ ತುದಿ, ಫುಟ್‌ವಾಲ್ವ್, ನೀರಿನಡಿ ಇರುತ್ತದೆ.

ಕಟ್ಟದ ವಿಷಯ ಹೇಳದೆ ಈ ಮಾತು ಪೂರ್ತಿಯಾಗುವುದಿಲ್ಲ. ಕಾಸರಗೋಡು, ಸುಳ್ಯ, ಪುತ್ತೂರು ಕಡೆ ಡಿಸೆಂಬರ್ ಹೊತ್ತಿಗೆ ತೋಡಿಗೆ ಅಡ್ಡಲಾಗಿ ಕಟ್ಟ ಹಾಕುವುದು ಅಜ್ಜನ ಕಾಲದ ಪದ್ಧತಿ. ಕಾಡುಕಲ್ಲು, ಮಣ್ಣು, ಅಡಕೆ ಮರದ ಸಲಾಕೆ, ಸೊಪ್ಪು. ಊರಿನವರೆಲ್ಲ ಸೇರಿ ಕೆಲಸ, ಕೊನೆಗೆ ಅವಲಕ್ಕಿ, ಬೆಲ್ಲ, ಚಹಾ. ಈಗ ಮಣ್ಣಿನ ಬದಲು ಪ್ಲಾಸ್ಟಿಕ್ ಶೀಟು, ಮರಳಿನ ಚೀಲ. ಕಟ್ಟದ ಹಿಂದೆ ನೀರು ನಿಂತರೆ ಬಾವಿ ಏರುತ್ತದೆ, ನೀರಿಗಾಗಿ ಗುಡ್ಡಕ್ಕೆ ಕೊರೆದ ಸುರಂಗದಲ್ಲಿ ಒರತೆ ಹೆಚ್ಚುತ್ತದೆ, ತೋಟ ತಂಪಾಗಿರುತ್ತದೆ. ಮೊದಲ ನೆರೆಗೆ ಕಟ್ಟ ಕೊಚ್ಚಿಹೋಗುತ್ತದೆ, ಮುಂದಿನ ವರ್ಷ ಮತ್ತೆ ಹಾಕಬೇಕು. ಹಾಗೆ ಕೊಚ್ಚಿಹೋಗುವುದೇ ಅದರ ಗುಣ ಎಂದು ನನ್ನ ಅಭಿಪ್ರಾಯ. ಹೂಳು ನಿಲ್ಲುವುದಿಲ್ಲ, ಉಬರಿಗೆ ದಾರಿ ತೆರೆದೇ ಇರುತ್ತದೆ, ಕಲ್ಲಿನ ಸಂದಿಯಲ್ಲಿ ಜಿನುಗುವ ನೀರು ಕೆಳಗಿನ ಗುಂಡಿಯನ್ನು ಪೂರ್ತಿ ಸಾಯಿಸುವುದಿಲ್ಲ.

ಕಿಂಡಿ ಅಣೆಕಟ್ಟು ಬೇರೆ ಜಾತಿ. ಕಾಂಕ್ರೀಟ್ ಕಂಬ, ನಡುವೆ ಹಲಗೆ. ಮಳೆ ಮುಗಿದ ಮೇಲೆ ಹಲಗೆ ಇಳಿಸಿದರೆ ಮೇಲೆ ಕಿಲೋಮೀಟರುಗಟ್ಟಲೆ ನಿಂತ ನೀರು. ಪಶ್ಚಿಮ ವಾಹಿನಿ ಎಂಬ ಯೋಜನೆಯಲ್ಲಿ ದಕ್ಷಿಣ ಕನ್ನಡ, ಉಡುಪಿಯ ಹೊಳೆಗಳಿಗೆ ಇವು ಸಾಲಾಗಿ ಬರುತ್ತಿವೆ. ರೈತರು ಕೇಳಿ ಪಡೆದದ್ದು, ತಪ್ಪೆನ್ನಲಾರೆ. ನಿಂತ ನೀರು ಬೇಸಗೆಯಲ್ಲಿ ಒಂದಷ್ಟು ಮೀನಿಗೆ ಆಸರೆಯೂ ಹೌದು. ಆದರೆ ಸೆಳವಿಗೆ ಮುಖ ಮಾಡಿ ನಿಲ್ಲುವುದನ್ನೇ ಬದುಕು ಮಾಡಿಕೊಂಡ ಮೀನಿಗೆ ಸೆಳವಿಲ್ಲದ ಹೊಳೆ ಎಂದರೆ ಏನು? ಅಂಗಡಿಯ ತೊಟ್ಟಿಯಲ್ಲಿ ಕೊನೆಗೆ ಒಂದು ಪಂಪಾದರೂ ಇತ್ತು.

ಗುಂಡಿಗಳನ್ನು ಕೆಡಿಸಲು ನಾವೊಬ್ಬರೇ ಇಲ್ಲ, ಬೆಟ್ಟವೂ ಇದೆ. 2018ರ ಆಗಸ್ಟ್ ನಡುವಿನಲ್ಲಿ ಜೋಡುಪಾಲ, ಮದೆನಾಡು ಕಡೆ ಗುಡ್ಡ ಜರಿದದ್ದು ಎಲ್ಲರಿಗೂ ನೆನಪಿರಬಹುದು. ಜನ ಸತ್ತರು, ಮನೆಗಳು ಹೋದವು, ಮಡಿಕೇರಿ ರಸ್ತೆ ಬಂದಾಯಿತು. ಆ ಬೆಟ್ಟದ ಮಣ್ಣು, ಮರ, ಬಂಡೆ ಇಳಿದು ಬಂದದ್ದು ಪಯಸ್ವಿನಿಗೆ. ಆ ಮಳೆಗಾಲ ಮುಗಿದ ಮೇಲೆ ನಮ್ಮ ಕಡೆಯ ಹೊಳೆಯನ್ನು ನೋಡಿದವರಿಗೆ ಗುರುತೇ ಹತ್ತುತ್ತಿರಲಿಲ್ಲ. ನಾವು ಚಿಕ್ಕಂದಿನಲ್ಲಿ ಬಿದಿರು ಇಳಿಸಿ ಆಳ ಅಳೆಯುತ್ತಿದ್ದ ಗುಂಡಿಯಲ್ಲಿ ಮೊಣಕಾಲಿನ ನೀರು, ಅದರಡಿಯಲ್ಲಿ ನುಣ್ಣನೆಯ ಜೇಡಿ. ಕಲ್ಲಿನ ಸಂದಿಗಳೆಲ್ಲ ಮುಚ್ಚಿದ್ದವು. ಮೊಟ್ಟೆಗೂ ಮರಿಗೂ ಅಡಗಲು ಬೇಕಾದದ್ದು ಆ ಸಂದಿಗಳೇ. ಆಮೇಲಿನ ನೆರೆಗಳು ಕೆಲವು ಗುಂಡಿಗಳನ್ನು ತೊಳೆದಿವೆ, ಕೆಲವು ಹಾಗೆಯೇ ಇವೆ.

ಇನ್ನು ಗಡಿ. ಕೇರಳದ 2008ರ ಆದೇಶ ಕೇರಳದ ಹೊಳೆಗೆ. ನಮ್ಮ ಮನೆಯಿಂದ ಸ್ವಲ್ಪ ಮೇಲಕ್ಕೆ ಹೋದರೆ ಕರ್ನಾಟಕ. ಅಲ್ಲಿ ಆ ಆದೇಶಕ್ಕೆ ಕಾಗದದ ಬೆಲೆ. ಅದೇ ನೀರು, ಅದೇ ಬಂಡೆ, ಜೂನ್ ಆದರೇನು, ಜನವರಿ ಆದರೇನು. ಈ ಅಸಂಗತಿ ಸರಿಯಾದದ್ದು ವನ್ಯಜೀವಿ ಸಂರಕ್ಷಣಾ ಕಾಯ್ದೆಗೆ 2022ರಲ್ಲಿ ತಿದ್ದುಪಡಿಯಾದ ಮೇಲೆ. ತಿದ್ದಿದ ಕಾಯ್ದೆ 2023ರ ಏಪ್ರಿಲ್ ಒಂದರಂದು ಜಾರಿಗೆ ಬಂತು, ಮಿಸ್ ಕೇರಳ ಮೊದಲನೆಯ ಅನುಸೂಚಿ ಸೇರಿತು. ಹುಲಿ ಇರುವ ಪಟ್ಟಿ ಅದು. ಹಿಡಿದರೆ ಮೂರರಿಂದ ಏಳು ವರ್ಷ ಜೈಲು. ಈಗ ಗಡಿಯ ಎರಡೂ ಕಡೆ ಒಂದೇ ಕಾನೂನು, ಹನ್ನೆರಡು ತಿಂಗಳೂ ರಜೆ.

ಸಂತೋಷಪಡಬೇಕು. ಪೂರ್ತಿ ಪಡಲಾಗುವುದಿಲ್ಲ. ಈ ಮೀನನ್ನು ಈಗ ತೊಟ್ಟಿಯಲ್ಲೇ ಮರಿ ಮಾಡಿಸುತ್ತಾರೆ. ಕೇರಳದಲ್ಲಿ ಮೀನುಗಾರಿಕೆ ಕಾಲೇಜಿನ ವಿಜ್ಞಾನಿಗಳು ಹಾರ್ಮೋನ್ ಚುಚ್ಚಿ ಮೊಟ್ಟೆಯಿಡಿಸುವ ವಿಧಾನ ಕಂಡುಕೊಂಡರು, ಆಗ್ನೇಯ ಏಷ್ಯಾದ ಫಾರ್ಮುಗಳು ಅದನ್ನು ದೊಡ್ಡ ದಂಧೆಯನ್ನಾಗಿ ಮಾಡಿದವು. ಬಂಗಾರದ ಬಣ್ಣದ್ದು, ಬಿಳಿಚಿದ್ದು ಎಂದು ಹೊಳೆಯಲ್ಲಿ ಯಾರೂ ಕಾಣದ ತಳಿಗಳೂ ಮಾರುಕಟ್ಟೆಯಲ್ಲಿವೆ. ಮನೆಯ ಹಿತ್ತಲಿನ ಟ್ಯಾಂಕಿನಲ್ಲಿ ಮರಿ ಮಾಡಿ ಮಾರುತ್ತಿದ್ದ ಕೇರಳದ ಸಣ್ಣ ಸಾಕಣೆದಾರ ಈಗ ಹುಲಿಚರ್ಮದ ವ್ಯಾಪಾರಿಯ ಸಾಲಿನಲ್ಲಿ ನಿಂತಿದ್ದಾನೆ. ಹೊಳೆಗೆ ಇಳಿಯದೆ ಬದುಕಲು ಕಲಿತವನೇ ಸಿಕ್ಕಿಬಿದ್ದದ್ದು. ಈ ಕಾನೂನು ಬರೆದವರು ಹೊಳೆಯನ್ನೂ ನೋಡಿಲ್ಲ, ತೊಟ್ಟಿಯನ್ನೂ ನೋಡಿಲ್ಲ ಎಂದು ನನಗನ್ನಿಸುತ್ತದೆ.

ತೊಟ್ಟಿಯಲ್ಲಿ ಹುಟ್ಟಿದ ಮರಿಯನ್ನು ಹೊಳೆಗೆ ತಂದು ಬಿಟ್ಟರಾಯಿತಲ್ಲ ಎಂದು ಕೇಳುವವರಿದ್ದಾರೆ. ಸಮಾರಂಭ ಮಾಡಿ, ಬಕೆಟ್ ಬಗ್ಗಿಸಿ, ಫೋಟೋ ತೆಗೆಸಿಕೊಳ್ಳಲು ಚೆನ್ನಾಗಿರುತ್ತದೆ. ತೊಡಕು ಏನೆಂದರೆ, ಬೇರೆ ಬೇರೆ ಹೊಳೆಯ ಡೆನಿಸನ್ ಮೀನುಗಳು ವಂಶವಾಹಿಯ ಮಟ್ಟದಲ್ಲಿ ಬೇರೆ ಬೇರೆಯಾಗಿವೆ ಎಂದು ಪರೀಕ್ಷೆಗಳು ತೋರಿಸಿವೆ. ನಮ್ಮ ಪಶ್ಚಿಮದ ಹೊಳೆಗಳು ಒಂದಕ್ಕೊಂದು ಸೇರುವುದಿಲ್ಲ. ಪ್ರತಿಯೊಂದೂ ತನ್ನಷ್ಟಕ್ಕೆ ಬೆಟ್ಟದಿಂದ ಇಳಿದು ಉಪ್ಪುನೀರಿಗೆ ಬೀಳುತ್ತದೆ. ಚಾಲಿಯಾರಿನ ಮೀನು ಚಂದ್ರಗಿರಿಗೆ ಬರಬೇಕಾದರೆ ಕಡಲಲ್ಲಿ ಈಜಿ ಬರಬೇಕು, ಅದು ಆಗದ ಮಾತು. ಹಾಗಾಗಿ ಎಷ್ಟೋ ಕಾಲದಿಂದ ಅವು ತಮ್ಮ ತಮ್ಮ ಹೊಳೆಯಲ್ಲೇ ಬೇರೆಯಾಗುತ್ತ ಬಂದಿವೆ. ಊರು ಗೊತ್ತಿಲ್ಲದ ತೊಟ್ಟಿಯ ಮರಿಯನ್ನು ಬಕೆಟಿನಲ್ಲಿ ತಂದು ಸುರಿದರೆ ಆ ಬೇರೆತನ ಒಂದೇ ಮಧ್ಯಾಹ್ನದಲ್ಲಿ ಕಲಸಿಹೋಗುತ್ತದೆ.

ಅಂದರೆ ಉಳಿಸುವುದಿದ್ದರೆ ಇಲ್ಲಿನ ಗುಂಡಿಯಲ್ಲೇ ಉಳಿಸಬೇಕು. ಗುಂಡಿ ಉಳಿಸಿದ ಉದಾಹರಣೆ ನಮ್ಮಲ್ಲೇ ಇದೆ. ಅರಂತೋಡಿನ ಹತ್ತಿರ ತೊಡಿಕಾನದ ಮಲ್ಲಿಕಾರ್ಜುನ ದೇವಸ್ಥಾನಕ್ಕೆ ಹೋದವರು ಹೊಳೆಯ ದೇವರ ಮೀನಿಗೆ ಅಕ್ಕಿ, ಮಂಡಕ್ಕಿ ಹಾಕದೆ ಬರುವುದಿಲ್ಲ. ಪೆರುವೋಲು ಎನ್ನುತ್ತೇವೆ, ಮಹಶೀರ್ ಗುಂಪಿನ ಮೀನು. ತೋಳುದ್ದ ಬೆಳೆದವು ಕಾಲಿನ ಹತ್ತಿರವೇ ಬಂದು ಬಾಯಿ ತೆರೆಯುತ್ತವೆ. ಅಲ್ಲಿ ಗಾಳ ಇಲ್ಲ, ಬಲೆ ಇಲ್ಲ, ಮೀನಿಗೆ ಮತ್ತೇರಿಸಲು ಕಾರೆಕಾಯಿ ಅರೆದು ಹಾಕುವವರಿಲ್ಲ, ಸಿಡಿಮದ್ದಿನ ತೋಟೆ ಎಸೆಯುವವರಿಲ್ಲ. ಆ ನಂಬಿಕೆ ನನಗೆ ಇಷ್ಟವಾಗುವುದು ಒಂದು ಕಾರಣಕ್ಕೆ. ದೇವರು ಜಾತಿ ನೋಡಿ ಅನುಸೂಚಿ ಬರೆದಿಲ್ಲ, ಜಾಗ ನೋಡಿ ಬರೆದಿದ್ದಾನೆ. ಈ ಬಂಡೆಯಿಂದ ಆ ಬಂಡೆಯವರೆಗೆ ಮುಟ್ಟಬಾರದು ಎಂದರೆ ಪೆರುವೋಲಿನ ಜೊತೆಗೆ ಅದರ ಬಾಲದಡಿ ಸುಳಿಯುವ ಹೆಸರಿಲ್ಲದ ಮೀನೂ ಬಚಾವು, ದಡದ ಮರವೂ ಬಚಾವು.

ಹೋದ ಡಿಸೆಂಬರಿನಲ್ಲಿ ಕಟ್ಟದ ಕೆಲಸಕ್ಕೆ ಸೇರಿದ್ದಾಗ ಇದನ್ನೇ ಎತ್ತಿದೆ. ನಮ್ಮ ಗುಂಡಿಗೆ ದೇವಸ್ಥಾನ ಇಲ್ಲ, ಇರುವವರು ನಾವು ನಾಲ್ಕಾರು ಮನೆಯವರು. ಎಲ್ಲರ ಪೈಪೂ ಅದಕ್ಕೇ ಇಳಿದಿದೆ. ನೀರು ಕಡಿಮೆ ಎತ್ತಿ ಎಂದು ಕೇಳಲಿಲ್ಲ, ಕೇಳಿದರೆ ಅಲ್ಲೇ ಮಾತು ಮುಗಿಯುತ್ತಿತ್ತು. ಫುಟ್‌ವಾಲ್ವನ್ನು ಗುಂಡಿಯ ತಳಕ್ಕೆ ಇಳಿಸುವುದು ಬೇಡ, ಬಂಡೆಯ ಮೇಲೆ ಒಂದು ಗುರುತು ಹಾಕೋಣ, ಅದಕ್ಕಿಂತ ಕೆಳಗೆ ಯಾರ ಪೈಪೂ ಹೋಗಬಾರದು, ನೀರು ಆ ಗುರುತಿಗೆ ಇಳಿದರೆ ಪಂಪು ತಾನಾಗಿ ಗಾಳಿ ಎಳೆದು ನಿಲ್ಲಲಿ ಎಂದೆ.

ಪಕ್ಕದ ತೋಟದವರು ವ್ಯವಹಾರಸ್ಥರು, ಮೀನಿನ ಬಗ್ಗೆ ತಕರಾರು ಎತ್ತಲಿಲ್ಲ. “ನಾವು ಬಿಟ್ಟ ನೀರು ಮೀನಿಗೇ ಸಿಗ್ತದೆ ಅಂತ ಯಾರು ಹೇಳಿದ್ದು? ಕೆಳಗಿನವನ ಪಂಪಿಗೆ ಸಿಗ್ತದೆ” ಎಂದರು. ಹರಿಯುವ ನೀರಿನ ಮಟ್ಟಿಗೆ ಅವರು ಹೇಳಿದ್ದಕ್ಕೆ ಎದುರುತ್ತರ ಇಲ್ಲ. ಸುಳ್ಯದಿಂದ ಕಡಲಿನವರೆಗೆ ಎಲ್ಲರೂ ಒಟ್ಟಿಗೆ ಕೈಬಿಡದ ಹೊರತು ಒಬ್ಬ ಬಿಟ್ಟದ್ದು ಇನ್ನೊಬ್ಬನ ತೋಟಕ್ಕೇ ಹೋಗುತ್ತದೆ. ಆದರೆ ಮಾರ್ಚಿನ ಕೊನೆಗೆ ಹರಿವು ನಿಂತ ಮೇಲೆ ಗುಂಡಿಯಲ್ಲಿ ಉಳಿಯುವ ನೀರು ಎಲ್ಲಿಗೂ ಹೋಗುವುದಿಲ್ಲ. ಅದು ನಾವು ಎತ್ತಿದರೆ ಖಾಲಿ, ಎತ್ತದಿದ್ದರೆ ಅಲ್ಲೇ ಉಂಟು. ಇದನ್ನು ಅವರು ಸ್ವಲ್ಪ ಹೊತ್ತು ಯೋಚಿಸಿದರು. ಬಂಡೆಯ ಮೇಲೆ ಸುಣ್ಣದ ಗುರುತು ಹಾಕಲು ಒಪ್ಪಿದರು, ಆದರೆ ನಾನು ತೋರಿಸಿದ್ದಕ್ಕಿಂತ ಒಂದು ಮೊಳ ಕೆಳಗೆ.

ಗುರುತು ಅಲ್ಲಿದೆ. ಏಪ್ರಿಲಿನಲ್ಲಿ ಎರಡು ಒಳ್ಳೆಯ ಮಳೆ ಬಂದ ವರ್ಷ ಅದು ಉಳಿಯುತ್ತದೆ. ಮಳೆ ಬಾರದೆ ಅಡಕೆಯ ಹೂಗೊನೆ, ಹಿಂಗಾರ, ಬಾಡತೊಡಗಿದರೆ ಪೈಪುಗಳು ಕೆಳಗಿಳಿಯುತ್ತವೆ, ನನ್ನದೂ ಸೇರಿ.